ಫರ್ನ್ ಬದಲಿಸಿ ಕೊಡುವ ಪದ್ಧತಿ ಮಾರ್ಚ್ 1ರಿಂದ ಇರುವುದಿಲ್ಲ

ಆತ್ಮೀಯ ಗ್ರಾಹಕರೇ,

ನಮ್ಮ ನರ್ಸರಿಯಲ್ಲಿ ಕೊಂಡ ಫರ್ನ್ ಒಂದು ತಿಂಗಳೊಳಗೆ ಒಣಗಿದರೆ ಹೊಸ ಗಿಡವನ್ನು ಉಚಿತವಾಗಿ ಕೊಡುತ್ತಿದ್ದೆವು. ಮಾರ್ಚ್ 1ರಿಂದ ಇದನ್ನು ನಿಲ್ಲಿಸುತ್ತಿದ್ದೇವೆ. ಇನ್ನು ಮುಂದೆ ಸೊರಗಿದ ಗಿಡವನ್ನು ಕುಂಡದ ಸಮೇತ ತಂದರೆ ಬೇರು ನೋಡಿ ಕಾರಣ ಹೇಳುತ್ತೇವೆ. ಅಗತ್ಯವಿದ್ದರೆ ನಮ್ಮ ನೆರಳುಮನೆಯಲ್ಲಿಟ್ಟು, ಹೊಸ ಗರಿ ಬಂದ ಮೇಲೆ ಹಿಂದಿರುಗಿಸುತ್ತೇವೆ. ಇದಕ್ಕೆ ಶುಲ್ಕವಿಲ್ಲ; ಮಣ್ಣು ಬದಲಿಸಿದರೆ ಮಣ್ಣಿನ ಬೆಲೆ ಮಾತ್ರ.

ಖರ್ಚು ಉಳಿಸುವ ಉಪಾಯವಿದು ಎಂದು ಕೆಲವರಿಗೆ ಅನಿಸಬಹುದು. ಖರ್ಚೂ ಒಂದು ಕಾರಣವೇ, ಮುಚ್ಚಿಡುವುದಿಲ್ಲ. ಆದರೆ ಸತ್ತಿತೆಂದು ತಂದುಕೊಡುವ ಗಿಡಗಳಲ್ಲಿ ಬಹಳಷ್ಟು ಸತ್ತಿರುವುದೇ ಇಲ್ಲ. ಇನ್ನು ಬದಲಿಗೆ ಕೊಟ್ಟ ಗಿಡವೂ ಅದೇ ಬಿಸಿಲು ಕಿಟಕಿಗೆ, ಅದೇ ಫ್ಯಾನಿನ ಕೆಳಗೆ ಹೋಗಿ ಕೂತರೆ ಅದಕ್ಕೂ ಅದೇ ಗತಿ.

ಫೆಬ್ರುವರಿ ಬಂತೆಂದರೆ ಬೆಂಗಳೂರಿನ ಮಧ್ಯಾಹ್ನದ ಗಾಳಿಯಲ್ಲಿ ತೇವವೇ ಇರುವುದಿಲ್ಲ. ಅಡಿಕೆ ತೋಟದ ಕಾಲುವೆ ಬದಿಯಲ್ಲಿ, ಹಳೆಯ ಬಾವಿಯ ಕಲ್ಲುಸಂದಿಯಲ್ಲಿ ತಾನಾಗಿಯೇ ಬೆಳೆಯುವ ಜಾತಿ ಈ ಫರ್ನ್. ಎಂಟನೇ ಮಹಡಿಯ ಬಾಲ್ಕನಿಯ ಒಣಗಾಳಿಗೆ ಮೊದಲು ಸೋಲುವುದು ಗರಿಗಳ ತುದಿ. ತುದಿ ಮಾತ್ರ ಕಂದಾಗಿ ಉಳಿದದ್ದು ಹಸಿರಾಗಿದ್ದರೆ ಸಾಮಾನ್ಯವಾಗಿ ಒಣಗಾಳಿ ಕಾರಣ, ಇಲ್ಲವೇ ನೀರಿನ ಉಪ್ಪು. ಕುಂಡದ ಅಂಚಿನಲ್ಲಿ ಬಿಳಿ ಪಟ್ಟೆ ಕಟ್ಟಿದೆಯೇ ನೋಡಿ. ಕಟ್ಟಿದ್ದರೆ ಅನುಮಾನ ನೀರಿನ ಮೇಲೆ. ಬೋರ್‌ವೆಲ್ ನೀರೇ ಗಡಸು. ಅದರ ಮೇಲೆ ಆರ್‌ಒ ಯಂತ್ರ ಹೊರಹಾಕುವ ನೀರನ್ನು ಚೆಲ್ಲಲು ಮನಸ್ಸಾಗದೆ ಗಿಡಕ್ಕೆ ಹಾಕುವವರು ಅನೇಕರಿದ್ದಾರೆ. ಶುದ್ಧ ನೀರು ನಿಮ್ಮ ಲೋಟಕ್ಕೆ ಬಂದ ಮೇಲೆ ಉಳಿದ ಲವಣವೆಲ್ಲ ಸೇರಿರುವುದು ಆ ನೀರಿನಲ್ಲೇ. ಅದರಿಂದ ನೆಲ ಒರೆಸಿ, ಫರ್ನಿಗೆ ಬೇಡ. ಮಳೆನೀರು ಹಿಡಿದಿಟ್ಟಿದ್ದರೆ ಅದಕ್ಕಿಂತ ಒಳ್ಳೆಯದಿಲ್ಲ.

ಎಲೆ ಉದುರುವುದು ಬೇರೆ ಕಥೆ. ಊರಿಗೆ ಹೋಗಿ ಬರುವಷ್ಟರಲ್ಲಿ ಕುಂಡ ಪೂರ್ತಿ ಒಣಗಿದರೆ ಒಳಗಿನ ಕೊಕೊಪೀಟ್ (ತೆಂಗಿನ ನಾರಿನ ಪುಡಿ) ಕುಗ್ಗಿ ಅಂಚಿನಿಂದ ಬಿಟ್ಟುಕೊಳ್ಳುತ್ತದೆ. ಆಮೇಲೆ ಎಷ್ಟು ನೀರು ಹಾಕಿದರೂ ಅದು ಪಕ್ಕದಿಂದ ಜಾರಿ ತಟ್ಟೆಗೆ ಇಳಿಯುತ್ತದೆ, ಬೇರಿಗೆ ತಲುಪುವುದಿಲ್ಲ. ಕುಂಡವನ್ನು ಬಕೆಟ್ಟಿನ ನೀರಿನಲ್ಲಿ ಮುಳುಗಿಸಿ. ಗುಳ್ಳೆ ಏಳುವುದು ನಿಂತ ಮೇಲೆ ಎತ್ತಿ, ನೀರು ಬಸಿಯಲು ಬಿಡಿ.

ಮಣ್ಣು ಹಸಿಯಾಗಿದ್ದೂ ಗರಿ ಹಳದಿಯಾಗಿ ಜೋತು ಬಿದ್ದರೆ ನೀರು ಹೆಚ್ಚಾಗಿದೆ ಎಂದೇ ಮೊದಲು ಶಂಕಿಸಬೇಕು. ಗಿಡವನ್ನು ಹೊರತೆಗೆದು ನೋಡಿದವರು ಕಪ್ಪು ಬೇರು ಕಂಡು ಗಾಬರಿಯಾಗುತ್ತಾರೆ. ಫರ್ನಿನ ಬೇರು ಆರೋಗ್ಯವಾಗಿದ್ದಾಗಲೂ ಕಂದು ಅಥವಾ ಕಪ್ಪಗೇ ಇರುತ್ತದೆ, ಬಣ್ಣ ನಂಬಬೇಡಿ. ಎರಡು ಬೆರಳಿನಲ್ಲಿ ಹಿಡಿದು ಮೆಲ್ಲಗೆ ಎಳೆಯಿರಿ. ತಂತಿಯಂತೆ ಬಿಗಿಯಾಗಿದ್ದರೆ ಜೀವವಿದೆ. ಸಿಪ್ಪೆ ಕಳಚಿ ಬಂದು ಒಳಗೆ ಬರೀ ನೂಲು ಉಳಿದರೆ, ಕೊಳೆತ ವಾಸನೆ ಬಂದರೆ, ಅಷ್ಟು ಭಾಗವನ್ನು ಕತ್ತರಿಸಿ ಹೊಸ ಮಣ್ಣಿಗೆ ಹಾಕಬೇಕು. ತೂತಿಲ್ಲದ ಪಿಂಗಾಣಿ ಕುಂಡದಲ್ಲಿ ಇಟ್ಟಿದ್ದರೆ ಇಷ್ಟೆಲ್ಲ ಮಾಡಿಯೂ ಪ್ರಯೋಜನವಿಲ್ಲ.

ಎಲೆಯ ಕೆಳಗೆ ಸಾಲಾಗಿ, ಒಂದೇ ಅಂತರದಲ್ಲಿ ಕಂದು ಚುಕ್ಕೆಗಳಿದ್ದರೆ ಅವು ಬೀಜಕಗಳ (ಫರ್ನ್ ವಂಶ ಬೆಳೆಸುವ ಪುಡಿಯಂಥ ಕಣಗಳ) ಗುಂಪು, ರೋಗವಲ್ಲ. ಕ್ರಮವಿಲ್ಲದೆ ಅಲ್ಲಲ್ಲಿ ಅಂಟಿಕೊಂಡು ಉಗುರಿಗೆ ಎದ್ದು ಬಂದರೆ ಮಾತ್ರ ಶಲ್ಕ ಕೀಟ, ಅಂದರೆ ಚಿಪ್ಪಿನಂತೆ ಅಂಟಿ ರಸ ಹೀರುವ ಹುಳು. ಬಟ್ಟೆಯಿಂದ ಒರೆಸಿ ತೆಗೆಯಿರಿ. ಎಣ್ಣೆ, ಔಷಧ ಎಂದು ಸಿಂಪಡಿಸಲು ಹೋಗಬೇಡಿ, ಬೇವಿನೆಣ್ಣೆಯನ್ನೂ ಸಹ. ತೆಳು ಗರಿ ಸುಟ್ಟುಹೋಗುವುದುಂಟು. ಸೊರಗಿದ ಗಿಡಕ್ಕೆ ಗೊಬ್ಬರವೂ ಬೇಡ.

ಮೇಡನ್‌ಹೇರ್ ಎಂಬ ಜಾತಿಯ ಫರ್ನ್ ಪೂರ್ತಿ ಒಣಗಿ ಗರಿಗರಿಯಾದರೂ ಎಸೆಯಬೇಡಿ. ಒಣಗಿದ್ದೆಲ್ಲವನ್ನೂ ಮಣ್ಣಿನ ಮಟ್ಟಕ್ಕೆ ಕತ್ತರಿಸಿ, ನೆರಳಿನಲ್ಲಿಟ್ಟು ಮಣ್ಣನ್ನು ಹದವಾಗಿ ತೇವವಾಗಿಡಿ. ಬುಡ ಗಟ್ಟಿಯಾಗಿದ್ದರೆ ಕೆಲವು ವಾರಗಳಲ್ಲಿ ಸುರುಳಿ ಕುಡಿ ಏಳುವ ಸಾಧ್ಯತೆ ಚೆನ್ನಾಗಿದೆ. ಆದರೂ ಬೇಸಿಗೆಯಲ್ಲಿ ಇದು ತೀರ ಹಠಮಾರಿ. ಆದ್ದರಿಂದ ಇನ್ನು ಪ್ರತಿ ವರ್ಷ ಮಾರ್ಚ್‌ನಿಂದ ಮಳೆ ಹಿಡಿಯುವವರೆಗೆ ಮೇಡನ್‌ಹೇರ್ ಮಾರುವುದಿಲ್ಲ. ಬೋಸ್ಟನ್ ಫರ್ನ್ ವರ್ಷವಿಡೀ ಸಿಗುತ್ತದೆ.

ಫೆಬ್ರುವರಿ ಕೊನೆಯೊಳಗೆ ಕೊಂಡವರಿಗೆ ಹಳೆಯ ಮಾತೇ ಅನ್ವಯ, ಬಿಲ್ ತನ್ನಿ. ಗಿಡ ನೋಡುವುದು ಬುಧವಾರ ಮತ್ತು ಶನಿವಾರ, ಬೆಳಿಗ್ಗೆ 9ರಿಂದ 12ರವರೆಗೆ. ಬೇರೆ ಕಡೆ ಕೊಂಡ ಫರ್ನನ್ನೂ ತರಬಹುದು. ಬರುವ ಮುನ್ನ ಕತ್ತರಿಸಿ ಚೊಕ್ಕ ಮಾಡಬೇಡಿ; ಒಣಗಿದ ಗರಿ ನೋಡಿದರೆ ನಮಗೆ ಕಾರಣ ಬೇಗ ಹೊಳೆಯುತ್ತದೆ. ಮನೆಯಲ್ಲಿ ಹಾಕುವ ನೀರನ್ನೂ ಒಂದು ಸಣ್ಣ ಬಾಟಲಿಯಲ್ಲಿ ತನ್ನಿ.

ಇಂತಿ,
ನರ್ಸರಿಯ ಬಳಗ