ಭಾನುವಾರದ ಓದು: ಲೋಕಾಲೋಕ ಪರ್ವತ

ಬಳಗದ ಎಲ್ಲರಿಗೂ ನಮಸ್ಕಾರ.

ಬರುವ ಭಾನುವಾರ ಬೆಳಿಗ್ಗೆ 10 ಗಂಟೆಗೆ ಎಂದಿನ ಕೋಣೆಯಲ್ಲೇ ಸೇರಿ, ಪುರಾಣಗಳ ಭೂಗೋಳದಲ್ಲಿ ಬೆಳಕಿನ ಲೋಕ ಮುಗಿದು ಕತ್ತಲು ಮೊದಲಾಗುವ ಗಡಿಯಾದ ಲೋಕಾಲೋಕ ಪರ್ವತದ ಪ್ರಸಂಗಗಳನ್ನು ಓದಲಿದ್ದೇವೆ. ಕಳೆದ ವಾರ ಬಾರದವರು ಸಪ್ತದ್ವೀಪಗಳ ಭಾಗವನ್ನು ಒಮ್ಮೆ ನೋಡಿಕೊಂಡು ಬಂದರೆ ಸಾಕು.

ಓದಬೇಕಾದದ್ದು ಭಾಗವತದ ಪಂಚಮ ಸ್ಕಂಧದ 20ನೇ ಅಧ್ಯಾಯ ಮತ್ತು ದಶಮ ಸ್ಕಂಧದ 89ನೇ ಅಧ್ಯಾಯ. ಮೊದಲನೆಯದರಲ್ಲಿ, ಸಿಹಿನೀರಿನ ಕಡಲನ್ನು ದಾಟಿದ ಮೇಲೆ ಕನ್ನಡಿಯಂತೆ ಹೊಳೆಯುವ ಚಿನ್ನದ ನೆಲವೊಂದಿದ್ದು, ಅಲ್ಲಿ ಬಿದ್ದ ವಸ್ತು ಮತ್ತೆಂದೂ ಕೈಗೆ ಸಿಗದ ಕಾರಣ ಯಾವ ಜೀವಿಯೂ ಅಲ್ಲಿ ನೆಲೆಸಿಲ್ಲ ಎಂಬ ಮಾತು ಬರುತ್ತದೆ. ಎರಡನೆಯದರಲ್ಲಿ ಕೃಷ್ಣಾರ್ಜುನರ ರಥ ಪರ್ವತವನ್ನು ದಾಟಿ ಕತ್ತಲನ್ನು ಹೊಕ್ಕೊಡನೆ ಶೈಬ್ಯ, ಸುಗ್ರೀವ, ಮೇಘಪುಷ್ಪ, ಬಲಾಹಕ ಎಂಬ ನಾಲ್ಕೂ ಕುದುರೆಗಳು ದಿಕ್ಕು ತಪ್ಪುತ್ತವೆ. ಸುದರ್ಶನ ಚಕ್ರವನ್ನು ಮುಂದೆ ಬಿಟ್ಟು ದಾರಿ ಮಾಡಿಕೊಳ್ಳಬೇಕಾಗುತ್ತದೆ. ನನ್ನ ಮಟ್ಟಿಗೆ ಇಡೀ ಕಥೆಯ ಜೀವ ಆ ಕುದುರೆಗಳ ತಬ್ಬಿಬ್ಬಿನಲ್ಲೇ ಇದೆ. ಸಮಯ ಉಳಿದರೆ, ರಘುವಂಶದ ಮೊದಲ ಸರ್ಗದಲ್ಲಿ ಸಂತಾನವಿಲ್ಲದ ದಿಲೀಪನು ತನ್ನನ್ನು ಅರೆ ಬೆಳಕು, ಅರೆ ಕತ್ತಲಿನ ಇದೇ ಬೆಟ್ಟಕ್ಕೆ ಹೋಲಿಸಿಕೊಳ್ಳುವ ಶ್ಲೋಕವನ್ನೂ ನೋಡೋಣ.

ಪುಟಗಳ ಫೋಟೊಗಳನ್ನು ಇಂದು ಸಂಜೆ ಇಲ್ಲೇ ಹಾಕುತ್ತೇನೆ; ಪ್ರಿಂಟ್ ಬೇಕಾದವರು ತಿಳಿಸಿ. ಬರುವವರು ಶುಕ್ರವಾರ ರಾತ್ರಿಯೊಳಗೆ ಉತ್ತರಿಸಬೇಕಾಗಿ ವಿನಂತಿ, ಏಕೆಂದರೆ ಗಟ್ಟಿಯಾಗಿ ಓದಲು ಇಬ್ಬರನ್ನು ಮೊದಲೇ ಗೊತ್ತುಮಾಡಬೇಕಿದೆ. ವಿಷ್ಣುಪುರಾಣ ಹೇಳುವ 10,000 ಯೋಜನ ಎತ್ತರವನ್ನು ಕಿಲೋಮೀಟರ್‌ಗೆ ಇಳಿಸುವ ಚರ್ಚೆಯನ್ನು ದಯವಿಟ್ಟು ಇಲ್ಲಿ ಆರಂಭಿಸದೆ ಭಾನುವಾರಕ್ಕೆ ಇಟ್ಟುಕೊಳ್ಳಿ.