ಆರು ನರ ಅಲ್ಲ ಅಪ್ಪಯ್ಯ, ಆರನೇ ನರ

ಡೊಂಬಿವಲಿ
ಭಾನುವಾರ ಮಧ್ಯಾಹ್ನ

ತೀರ್ಥರೂಪ ಅಪ್ಪಯ್ಯನಿಗೆ ಕೂಸಿನ ನಮಸ್ಕಾರ. ಆಯಿಗೂ. ನಾನಿಲ್ಲಿ ಕ್ಷೇಮ, ಮಳೆ ಜೋರು. ಈ ಕಾಗದವನ್ನು ಪುಟ್ಟಿಯೇ ಗಟ್ಟಿಯಾಗಿ ಓದಲಿ. ನೀನು ಓದಲು ಹೋಗಬೇಡ, ಸಾಲು ಸಾಲಿನ ಮೇಲೆ ಬಿದ್ದು ತಲೆ ತಿರುಗುತ್ತದೆ.

ಅಣ್ಣನ ಕಾಗದ ಗುರುವಾರ ಕೈಸೇರಿತು. "ಅಪ್ಪಯ್ಯನ ಕಣ್ಣಿನ ಆರು ನರ ಹೋಗಿದೆಯಂತೆ, ಹುಬ್ಬಳ್ಳಿ ಡಾಕ್ಟರು ಹೇಳಿದರು" ಎಂದು ಓದಿ ನನ್ನ ಕೈಕಾಲು ತಣ್ಣಗಾಯಿತು. ಫೋನು ಹಚ್ಚಿದರೆ ಆಯಿ "ನೀ ಹೆದ್ರಡ" ಅನ್ನುವಷ್ಟರಲ್ಲಿ ಕಟ್ಟಾಯಿತು. ಆಮೇಲೆ ಸಿಗ್ನಲ್ಲೂ ಇಲ್ಲ, ಕರೆಂಟೂ ಇಲ್ಲ. ಅಣ್ಣ ಮಳೆಯಲ್ಲೇ ಬೆಟ್ಟದ ತುದಿಗೆ ಹತ್ತಿ ಡಾಕ್ಟರ ಚೀಟಿಯ ಫೋಟೊ, ನಿನ್ನ ಕಣ್ಣಿನ ವಿಡಿಯೊ ಕಳಿಸಿದ ಮೇಲೆ ಜೀವ ಬಂತು. ಚೀಟಿಯಲ್ಲಿ ಇರುವುದು ಆರು ನರ ಅಂತ ಅಲ್ಲ. ಆರನೇ ನರ ಅಂತ. ಒಂದೇ ಒಂದು ನರ, ಅದೂ ಬಲಗಣ್ಣಿನದು ಮಾತ್ರ. ಇದನ್ನು ಮೊದಲು ಕೆಳಗಿನಮನೆ ದೊಡ್ಡಪ್ಪನಿಗೆ ಹೇಳಿಬಿಡಿ. ಲಕ್ವ ಹೊಡೆದಿದೆ ಅಂತ ಊರೆಲ್ಲ ಸಾರುತ್ತಿದ್ದಾರಂತೆ.

ಮಿದುಳಿನಿಂದ ನೇರವಾಗಿ ಹೊರಡುವ ನರಗಳು 12 ಜೊತೆ. ಡಾಕ್ಟರುಗಳು ಅವನ್ನು ನಂಬರು ಹಿಡಿದೇ ಕರೆಯುತ್ತಾರೆ. ಒಂದೊಂದು ಕಣ್ಣುಗುಡ್ಡೆಗೂ ಅದನ್ನು ತಿರುಗಿಸಲು ಆರು ಸ್ನಾಯು ಇವೆ (ಇಲ್ಲಿ ಮತ್ತೆ ಆರು ಬಂತು ಅಂತ ಗಲಿಬಿಲಿ ಬೇಡ). ಅವುಗಳಲ್ಲಿ ನಾಲ್ಕನ್ನು ಮೂರನೇ ನರ ನೋಡಿಕೊಳ್ಳುತ್ತದೆ, ಒಂದನ್ನು ನಾಲ್ಕನೇ ನರ. ಆರನೇ ನರಕ್ಕೆ ಇರುವುದು ಒಂದೇ ಕೆಲಸ. ಕಣ್ಣನ್ನು ಕಿವಿಯ ಕಡೆಗೆ ಎಳೆಯುವ ಸ್ನಾಯುವಿಗೆ ಅಪ್ಪಣೆ ಮುಟ್ಟಿಸುವುದು. ಸಕ್ಕರೆ ಕಾಯಿಲೆ ಹಳೆಯದಾದಾಗ ಆ ನರಕ್ಕೆ ರಕ್ತ ಒಯ್ಯುವ ಕೂದಲೆಳೆಯಂಥ ನಾಳ ಕಟ್ಟಿಕೊಳ್ಳುತ್ತದೆ. ನರ ಸತ್ತಿಲ್ಲ ಅಪ್ಪಯ್ಯ, ಉಪವಾಸ ಬಿದ್ದಿದೆ. ನಮ್ಮ ಆಸ್ಪತ್ರೆಯ ಮೆಳ್ಳಗಣ್ಣಿನ ವಿಭಾಗಕ್ಕೆ ಇಂಥವರು ಬರುತ್ತಲೇ ಇರುತ್ತಾರೆ. ಹೆಚ್ಚಿನವರಿಗೆ ಮೂರು ತಿಂಗಳಲ್ಲಿ ತಾನಾಗಿಯೇ ಇಳಿಯುತ್ತದೆ, ಕೆಲವರಿಗೆ ಆರು ತಿಂಗಳು ಹಿಡಿಯಬಹುದು. ವಿಡಿಯೊದಲ್ಲಿ ನಿನ್ನ ರೆಪ್ಪೆ ಇಳಿಬಿದ್ದಿಲ್ಲ, ಎರಡೂ ಕಣ್ಣಿನ ಪಾಪೆ ಒಂದೇ ಅಳತೆಗಿವೆ. ಇದನ್ನು ನಾನು ನಾಲ್ಕು ಸಲ ಹಿಂದೆಮುಂದೆ ಮಾಡಿ ನೋಡಿದೆ. ಬಲಗಡೆ ನೋಡು ಅಂದಾಗ ಎಡಗಣ್ಣು ಮೂಗಿನ ತನಕ ಓಡಿತು, ಬಲಗಣ್ಣು ನಡುವಿಗೆ ಬಂದು ನಿಂತುಬಿಟ್ಟಿತು. ಉಳಿದ ಮೂರು ದಿಕ್ಕಿಗೂ ಸರಾಗ.

ಅಪ್ಪಯ್ಯ ಮುಖ ಬಲಕ್ಕೆ ತಿರುಗಿಸಿಕೊಂಡು ಓರೆಯಾಗಿ ಟಿವಿ ನೋಡುತ್ತಾನೆ, ಕುತ್ತಿಗೆಗೂ ಏನೋ ಆಗಿದೆ ಅಂತ ಅಣ್ಣ ಬರೆದಿದ್ದ. ಕುತ್ತಿಗೆಗೆ ಏನೂ ಆಗಿಲ್ಲ. ಮುಖ ಬಲಕ್ಕೆ ಹೋದರೆ ಕಣ್ಣುಗಳೆರಡೂ ಎಡಕ್ಕೆ ಸರಿಯುತ್ತವೆ, ಬಲಗಣ್ಣಿನ ಸೋತ ಸ್ನಾಯುವಿಗೆ ದುಡಿತ ತಪ್ಪುತ್ತದೆ, ಎರಡು ಚಿತ್ರ ಒಂದಾಗುತ್ತದೆ. ಇದನ್ನು ನಿನಗೆ ಯಾರೂ ಹೇಳಿಕೊಟ್ಟಿಲ್ಲ. ನಿನ್ನ ಮಿದುಳೇ ದಾರಿ ಹುಡುಕಿಕೊಂಡಿದೆ. "ಸೊಟ್ಟ ಕೂರಬೇಡ" ಅಂತ ಆಯಿ ಗದರುವುದು ಬೇಡ.

ಈಗ ಸಂಕದ ವಿಷಯ. ತೋಟಕ್ಕೆ ಹೋಗುವಾಗ ಹಳ್ಳದ ಮೇಲೆ ಎರಡು ಸಂಕ ಕಂಡವು, ಯಾವುದರ ಮೇಲೆ ಕಾಲಿಡಲಿ ಅಂತ ನಿಂತೇ ಇದ್ದೆ, ಬೀರ ಬಂದು ಕೈಹಿಡಿದು ದಾಟಿಸಿದ ಅಂತ ಓದಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಮಳೆಗಾಲದ ಹಳ್ಳ, ಕೆಳಗೆ ಆ ಕೆಂಪು ನೀರು. ಎರಡೂ ಕಣ್ಣು ಒಂದೇ ಕಡೆ ನೆಟ್ಟಿದ್ದರೆ ಮಾತ್ರ ಎರಡು ಚಿತ್ರವನ್ನು ಮಿದುಳು ಒಂದು ಮಾಡಬಲ್ಲದು. ನಿನ್ನ ಬಲಗಣ್ಣು ಒಳಕ್ಕೆ ವಾಲಿರುವುದರಿಂದ ಪಕ್ಕಪಕ್ಕ ಎರಡು ಕಾಣುತ್ತವೆ. ದೂರದ್ದು ಹೆಚ್ಚು ಬೇರೆಯಾಗುತ್ತದೆ, ಬಟ್ಟಲಿನ ಅನ್ನ ಅಷ್ಟಾಗಿ ಆಗುವುದಿಲ್ಲ. ಒಂದು ಕಣ್ಣು ಮುಚ್ಚಿದರೆ ಎರಡು ಹೋಗಿ ಒಂದಾಗುತ್ತದೆ, ನಿಜ. ಆದರೆ ನೀನು ಮುಚ್ಚಿದ್ದು ಎಡಗಣ್ಣನ್ನು! ಪೊರೆ ತೆಗೆಸಿದ ಕಣ್ಣೇ ಕೆಟ್ಟಿರಬೇಕು ಅಂತ ತಿಳಿದು, ಒಳ್ಳೆಯ ಕಣ್ಣಿಗೆ ಪಂಚೆಯ ತುದಿ ಕಟ್ಟಿಕೊಂಡು ಕೂತಿದ್ದೀ.

ಅದಕ್ಕೇ ಕವಳದ ತಟ್ಟೆಯಲ್ಲಿ ಸುಣ್ಣದ ಡಬ್ಬಿ ಕೈಗೆ ಸಿಗದೇ ಹೋದದ್ದು. ಅಣ್ಣ ಇದನ್ನು ಹೆದರಿಕೊಂಡು ಬರೆದಿದ್ದಾನೆ. ಡಬ್ಬಿ ಕಣ್ಣಿಗೆ ಒಂದೇ ಕಾಣುತ್ತಿತ್ತು, ಆದರೂ ಅಪ್ಪಯ್ಯನ ಕೈ ಅದನ್ನು ದಾಟಿ ಬಲಗಡೆ ನೆಲ ತಡವುತ್ತಿತ್ತು, ಬುದ್ಧಿಗೂ ಏನೋ ಆಗಿರಬಹುದು ಅಂತ. ಓದಿ ನನ್ನ ಕಣ್ಣು ತುಂಬಿತು, ಮರುಕ್ಷಣವೇ ಧೈರ್ಯವೂ ಬಂತು. ನಿನ್ನ ಬುದ್ಧಿ ಸರಿಯಾಗಿದೆ ಅನ್ನುವುದಕ್ಕೆ ಇದೇ ಗುರುತು. ಪುಟ್ಟಿ, ಈ ಭಾಗ ನಿಧಾನ ಓದು.

ಸೊಸೈಟಿಯಲ್ಲಿ ಅಡಿಕೆ ಹಾಕಿದರೆ ರಸೀದಿಯ ಒಂದು ಪ್ರತಿ ನಿನ್ನ ಕೈಗೆ ಕೊಟ್ಟು ಇನ್ನೊಂದನ್ನು ಅವರು ಇಟ್ಟುಕೊಳ್ಳುತ್ತಾರಲ್ಲ, ಮಿದುಳೂ ಹಾಗೆಯೇ. ಕಣ್ಣಿಗೆ "ಇಷ್ಟು ತಿರುಗು" ಎಂದು ಅಪ್ಪಣೆ ಕಳಿಸುವಾಗ ಅದರ ಒಂದು ಪ್ರತಿಯನ್ನು ತನ್ನಲ್ಲೇ ಇಟ್ಟುಕೊಳ್ಳುತ್ತದೆ. ಕಣ್ಣು ಎತ್ತ ತಿರುಗಿದೆ ಅಂತ ಅದು ಹೆಚ್ಚಾಗಿ ಆ ಪ್ರತಿ ನೋಡಿಯೇ ಲೆಕ್ಕ ಹಾಕುವುದು. ಜರ್ಮನಿಯ ಹೆಲ್ಮ್‌ಹೋಲ್ಟ್ಸ್ ಇದನ್ನು 19ನೇ ಶತಮಾನದಲ್ಲೇ ಊಹಿಸಿದ್ದ. ರೆಪ್ಪೆಯ ಅಂಚಿನಿಂದ ಕಣ್ಣನ್ನು ಬೆರಳಲ್ಲಿ ಮೆಲ್ಲಗೆ ಒತ್ತಿದರೆ ಎದುರಿನ ಗೋಡೆಯೇ ಸರಿದಂತೆ ಕಾಣುತ್ತದೆ, ಕಣ್ಣನ್ನು ನಾವೇ ತಿರುಗಿಸಿದರೆ ಗೋಡೆ ಸರಿಯುವುದಿಲ್ಲ. ಬೆರಳು ಒತ್ತಿದ್ದಕ್ಕೆ ಮಿದುಳಿನಲ್ಲಿ ರಸೀದಿ ಇಲ್ಲ. (ನೀನು ಒತ್ತಿ ನೋಡಬೇಡ, ಆಪರೇಷನ್ ಆದ ಕಣ್ಣು.) 1950ರಲ್ಲಿ ಫಾನ್ ಹೋಲ್ಸ್ಟ್ ಮತ್ತು ಮಿಟ್ಟೆಲ್‌ಶ್ಟೆಟ್ ಒಂದು ಕಡೆ, ಅಮೆರಿಕದ ಸ್ಪೆರಿ ಇನ್ನೊಂದು ಕಡೆ, ಒಂದೇ ವರ್ಷ ಪ್ರಾಣಿಗಳಲ್ಲಿ ಪ್ರಯೋಗ ಮಾಡಿ ಇದನ್ನೇ ಗಟ್ಟಿ ಮಾಡಿದರು.

ನಿನ್ನ ಬಲಗಣ್ಣು ಬಲಕ್ಕೆ ಹೊರಳಲು ಒಪ್ಪುವುದಿಲ್ಲ. ಮಿದುಳು ಅಪ್ಪಣೆಯನ್ನು ಇಮ್ಮಡಿ ಗಟ್ಟಿಯಾಗಿ ಕೂಗುತ್ತದೆ. ಕಣ್ಣು ಸರಿಯುವುದು ಚೂರೇ ಚೂರು. ರಸೀದಿಯಲ್ಲಿ ಮಾತ್ರ ದೊಡ್ಡ ಲೆಕ್ಕ ಬಿದ್ದಿದೆ. "ಇಷ್ಟೊಂದು ಬಲಕ್ಕೆ ಹೊರಳಿದ ಮೇಲೆ ಡಬ್ಬಿ ಕಂಡಿದೆ, ಅಂದಮೇಲೆ ಡಬ್ಬಿ ಅಷ್ಟು ಬಲಕ್ಕಿದೆ" ಎಂದು ನಂಬಿ ಕೈಯನ್ನು ಅಲ್ಲಿಗೆ ಕಳಿಸುತ್ತದೆ. ಅಂಗೈ ಸುಣ್ಣ ಬಿಟ್ಟು ಸಗಣಿ ನೆಲ ತಡವುತ್ತದೆ. ಇಂದಿನಿಂದ ಪಟ್ಟಿ ಬಲಗಣ್ಣಿಗೆ ಕಟ್ಟು, ಡಬ್ಬಿ ಇದ್ದಲ್ಲೇ ಸಿಗುತ್ತದೆ.

ನೀನು ಕೇಳಿಸಿದ್ದೀಯಂತೆ, ಕಣ್ಣು ಚಲಿಸಲು ಇಷ್ಟೆಲ್ಲ ಬೇಕಾ ಅಂತ. ಕೈ ಉದ್ದಕ್ಕೆ ಚಾಚಿ ಹೆಬ್ಬೆರಳಿನ ಉಗುರು ನೋಡು. ಅಷ್ಟಗಲ ಜಾಗ ಮಾತ್ರ ನಮಗೆ ಚೊಕ್ಕವಾಗಿ ಕಾಣುವುದು, ಉಳಿದದ್ದು ಮಸುಕು. ಅದಕ್ಕೇ ಕಣ್ಣು ಸೆಕೆಂಡಿಗೆ ಮೂರು ಸಲದಂತೆ ಕುಪ್ಪಳಿಸುತ್ತಲೇ ಇರಬೇಕು, ದಿನಕ್ಕೆ ಲಕ್ಷಕ್ಕೂ ಮೇಲೆ. ಓದುವಾಗ ಕಣ್ಣು ಸಾಲಿನ ಮೇಲೆ ಜಾರುವುದಿಲ್ಲ, ಹಾರಿಹಾರಿ ನಿಲ್ಲುತ್ತದೆ ಅನ್ನುವುದು ಫ್ರಾನ್ಸಿನ ಕಣ್ಣಿನ ಡಾಕ್ಟರ್ ಝವಾಲ್ 1870ರ ದಶಕದಲ್ಲಿ ಬರೆದ ಮೇಲೆ ಪ್ರಚಾರಕ್ಕೆ ಬಂತು. ಆ ಹಾರಿಕೆಗೆ ಈಗಲೂ 'ಸಕಾಡ್' ಅಂತ ಫ್ರೆಂಚ್ ಹೆಸರೇ. ದೊಡ್ಡ ಹಾರಿಕೆಯ ವೇಗ ಸೆಕೆಂಡಿಗೆ 500 ಡಿಗ್ರಿ ಮೀರುತ್ತದೆ.

ಅಷ್ಟು ವೇಗಕ್ಕೆ ಸ್ನಾಯುವನ್ನು ಹೇಗೆ ಎಳೆಯಬೇಕು ಅನ್ನುವುದು ನಿನಗೆ ನನಗಿಂತ ಚೆನ್ನಾಗಿ ಗೊತ್ತಾಗುತ್ತದೆ. ಬೀರ ಕೊನೆ ಕೊಯ್ಯುವಾಗ ಮರದಿಂದ ಮರಕ್ಕೆ ದಾಟುತ್ತಾನಲ್ಲ, ಪಕ್ಕದ ಮರವನ್ನು ಮೊದಲು ಒಮ್ಮೆಲೇ ಜಗ್ಗುತ್ತಾನೆ. ಹತ್ತಿರ ಬಂದ ಮೇಲೆ ಸಮನಾಗಿ ಬಿಗಿ ಹಿಡಿಯುತ್ತಾನೆ. ಜಗ್ಗದಿದ್ದರೆ ಮರ ಬರುವುದಿಲ್ಲ, ಹಿಡಿಯದಿದ್ದರೆ ಸೆಟೆದು ವಾಪಸು ಹೋಗುತ್ತದೆ. ಮಿದುಳು ಕಣ್ಣಿಗೆ ಕಳಿಸುವ ಅಪ್ಪಣೆಯೂ ಹೀಗೇ ಎರಡು ತುಂಡು. ಮೊದಲು ಒಂದು ಜಗ್ಗು, ಆಮೇಲೆ ಒಂದು ಹಿಡಿತ. ಅಮೆರಿಕದ ಡೇವಿಡ್ ರಾಬಿನ್ಸನ್ ಎಂಬ ಎಂಜಿನಿಯರು 1960ರ ದಶಕದಲ್ಲಿ ಇದನ್ನು ಅಳೆದು ತೋರಿಸಿದ. ಜಗ್ಗಿದ್ದು ಹೆಚ್ಚಾಯಿತೋ ಕಡಿಮೆಯಾಯಿತೋ ಅಂತ ಹಿಂಬದಿಯ ಕಿರುಮಿದುಳು ನೋಡಿ ತಿದ್ದುತ್ತಿರುತ್ತದೆ. ಈಗ ನಿನ್ನ ಕಣ್ಣಿನಲ್ಲೂ ಅದು ಹಗಲಿರುಳು ತಿದ್ದುತ್ತಿದೆ.

ಮುಂಬೈಯ ಲೋಕಲ್ ಗಾಡಿ ಕಣ್ಣಿನ ಪಾಠಕ್ಕೆ ಹೇಳಿಮಾಡಿಸಿದ್ದು. ಬೆಳಿಗ್ಗೆ ಡೊಂಬಿವಲಿಯಿಂದ ದಾದರಿಗೆ ಹೆಂಗಸರ ಡಬ್ಬಿಯಲ್ಲಿ ಹೋಗುತ್ತೇನೆ. ಮೂವರ ಸೀಟಿನಲ್ಲಿ ನಾಲ್ಕನೆಯವಳಿಗೆ ಜಾಗ ಕೊಡುವುದು ಇಲ್ಲಿಯ ಧರ್ಮ, ಆಯಿ ನೋಡಿದರೆ ಮೆಚ್ಚುತ್ತಾಳೆ. ಸಂಜೆ ಬರುವಾಗ ಬೀನ್ಸ್ ಸೋಸಿ ಮುಗಿಸುವವರೂ ಇದ್ದಾರೆ. ಕಿಟಕಿ ಬಳಿ ಕೂತವಳ ಕಣ್ಣು ನೋಡಬೇಕು ನೀನು. ಹೊರಗಿನ ಕಂಬವನ್ನು ಹಿಡಿದು ಮೆಲ್ಲಗೆ ಹಿಂದಕ್ಕೆ ಹೋಗುತ್ತವೆ, ಕಂಬ ಮರೆಯಾದ ಕೂಡಲೇ ಪಟಕ್ಕನೆ ಮುಂದಕ್ಕೆ ಹಾರಿ ಇನ್ನೊಂದು ಕಂಬ ಹಿಡಿಯುತ್ತವೆ. ನೇಯುವವನ ಲಾಳಿಯ ಹಾಗೆ. ಅವಳಿಗೆ ಗೊತ್ತೇ ಇರುವುದಿಲ್ಲ. ಡಬ್ಬಿ ಅಷ್ಟು ಅಲುಗಾಡಿದರೂ ನಿಂತುಕೊಂಡೇ ಪೇಪರು ಓದುತ್ತಾರೆ. ಒಳಗಿವಿ ತಲೆಯ ಅಲುಗಾಟವನ್ನು ಹೇಳಿದ ಸೆಕೆಂಡಿನ ನೂರನೇ ಒಂದು ಪಾಲಿನಲ್ಲೇ ಕಣ್ಣು ಎದುರು ದಿಕ್ಕಿಗೆ ತಿರುಗಿ ಸರಿಪಡಿಸುತ್ತದೆ. ಪುಟ್ಟಿ, ಈ ಕಾಗದ ಅಲುಗಾಡಿಸಿ ಓದು, ಅಕ್ಷರ ಕಲಸುತ್ತದೆ. ಕಾಗದ ಹಾಗೇ ಹಿಡಿದು ತಲೆ ಅಲುಗಾಡಿಸು, ಓದಲು ಬರುತ್ತದೆ. ಆಮೇಲೆ ಕನ್ನಡಿ ಮುಂದೆ ನಿಂತು ನಿನ್ನ ಎಡಗಣ್ಣು ನೋಡು, ಬಲಗಣ್ಣು ನೋಡು, ಮತ್ತೆ ಎಡಗಣ್ಣು. ನಿನ್ನ ಕಣ್ಣು ಹೊರಳಿದ್ದು ನಿನಗೆ ಎಂದೂ ಕಾಣುವುದಿಲ್ಲ, ಪಕ್ಕದಲ್ಲಿ ನಿಂತ ಅಜ್ಜಿಗೆ ಕಾಣುತ್ತದೆ. ಹಾರುವ ಹೊತ್ತಿನಲ್ಲಿ ಮಿದುಳು ನೋಟವನ್ನೇ ತಗ್ಗಿಸಿಬಿಡುತ್ತದೆ.

ನಮ್ಮಲ್ಲಿ ಈಗ ಸೆಕೆಂಡಿಗೆ 1000 ಸಲ ಕಣ್ಣಿನ ಜಾಗ ಬರೆದುಕೊಳ್ಳುವ ಯಂತ್ರ ಬಂದಿದೆ. ಅದರ ಮುಂದೆ ಕೂತವರಲ್ಲಿ ಎಷ್ಟೋ ಜನ ನಿನ್ನ ವಯಸ್ಸಿನವರು. ಮೊದಲ ಸಲ ಬಂದಾಗ ಬಲಕ್ಕೆ ಹಾರದೆ ತೆವಳುತ್ತಿದ್ದ ಗೆರೆ, ಮೂರನೇ ತಿಂಗಳು ಬಂದಾಗ ನೆಟ್ಟಗೆ ಏರಿ ನಿಲ್ಲುವುದನ್ನು ನಾನೇ ಪರದೆಯ ಮೇಲೆ ನೋಡಿದ್ದೇನೆ. ನಿನ್ನದೂ ಏರುತ್ತದೆ.

ಆದರೆ ಸಕ್ಕರೆ ಇಳಿಯಬೇಕು. ದೋಸೆಗೆ ಜೋನಿಬೆಲ್ಲ ಸುರಿದುಕೊಳ್ಳುವುದು ಇವತ್ತಿಗೇ ನಿಲ್ಲಲಿ. ಅಟ್ಟದ ಮೇಲಿನ ಡಬ್ಬಿಯಲ್ಲಿರುವ ತೊಡದೇವು ನನಗೆ ಗೊತ್ತಿಲ್ಲ ಅಂದುಕೊಳ್ಳಬೇಡ. ಅತ್ತಿಗೆಗೆ ಹೇಳಿದ್ದೇನೆ, ಪೂರ್ತಿ ಪುಟ್ಟಿಗೆ ಕೊಡುತ್ತಾಳೆ. ಮೂರು ತಿಂಗಳ ಸರಾಸರಿ ಸಕ್ಕರೆ ತೋರಿಸುವ ರಕ್ತಪರೀಕ್ಷೆ, ಬಿಪಿ, ಎರಡೂ ಈ ವಾರವೇ ಆಗಬೇಕು. ಅಣ್ಣನ ಖಾತೆಗೆ 12,000 ಹಾಕಿದ್ದೇನೆ. ಮುಂದೆ ಹುಬ್ಬಳ್ಳಿ ಡಾಕ್ಟರು ತಲೆಯ ಸ್ಕ್ಯಾನ್ ಬೇಕೆಂದರೆ ಖರ್ಚು ನೋಡಿ ಹಿಂದೆ ಸರಿಯಬೇಡಿ.

ಅಣ್ಣಾ, ಇದು ನಿನಗೆ. ಜೋರು ತಲೆನೋವು, ರೆಪ್ಪೆ ಇಳಿಯುವುದು, ಮಾತು ತೊದಲುವುದು, ನಡೆಯುವಾಗ ವಾಲುವುದು, ಇನ್ನೊಂದು ಕಣ್ಣಿಗೂ ಹೀಗಾಗುವುದು, ಇವುಗಳಲ್ಲಿ ಒಂದು ಕಂಡರೂ ರಾತ್ರಿ ಎಷ್ಟೊತ್ತಾದರೂ ಗಾಡಿ ಮಾಡಿಕೊಂಡು ಹುಬ್ಬಳ್ಳಿಗೆ ಹೊರಡು, ಬೆಳಗಾಗಲಿ ಅಂತ ಕಾಯಬೇಡ. ಹಾಗೇನೂ ಆಗುವುದಿಲ್ಲ. ಖಂಡಿತ ಆಗುವುದಿಲ್ಲ. ಆದರೂ ಗೊತ್ತಿರಲಿ.

ಅಪ್ಪಯ್ಯ, ಕೊಳೆ ಮದ್ದಿನ ಎರಡನೇ ಸುತ್ತನ್ನು ಬೀರನೇ ನೋಡಿಕೊಳ್ಳುತ್ತಾನೆ. ನೀನು ಜಗಲಿಯಲ್ಲಿ ಕೂತು ಲೆಕ್ಕ ಕೇಳು. ತಾಳಮದ್ದಳೆಗೆ ಬೇಕಾದರೆ ಹೋಗು, ಅರ್ಥ ಹೇಳಲು ಎರಡು ಕಣ್ಣು ಬೇಡ. ಬೈಕಿನ ಹಿಂದೆ ಕೂರುವುದು ಬೇಡ. ಚೌತಿಗೆ ಎಂಟು ದಿನ ರಜೆ ಹಾಕಿದ್ದೇನೆ. ಅಷ್ಟರೊಳಗೆ ಪೂರ್ತಿ ಇಳಿದಿರದಿದ್ದರೆ ಓರೆ ಎಷ್ಟಿದೆ ಅಂತ ಅಳೆದು ನಿನ್ನ ಕನ್ನಡಕಕ್ಕೆ ಗೀರುಗೀರಿನ ತೆಳು ಪಟ್ಟಿ ಅಂಟಿಸುತ್ತೇನೆ, ಅದು ಬೆಳಕನ್ನು ಬಾಗಿಸಿ ಎರಡನ್ನು ಒಂದು ಮಾಡುತ್ತದೆ.

ಮೇಲಿನಮನೆ ಭಾವ ಸಂಜೆ ಬಸ್ಸಿಗೆ ಊರಿಗೆ ಹೊರಟಿದ್ದಾರೆ, ಕೆಳಗೆ ರಿಕ್ಷಾ ನಿಲ್ಲಿಸಿ ಕೂಗುತ್ತಿದ್ದಾರೆ. ಕಣ್ಣಿಗೆ ಕಟ್ಟುವ ಪಟ್ಟಿ ಎರಡು ಅವರ ಕೈಯಲ್ಲಿ ಕೊಟ್ಟಿದ್ದೇನೆ, ಕಪ್ಪಿನದು ಹಗಲಿಗೆ, ಇನ್ನೊಂದು ಒಗೆದಾಗ ಹಾಕಲು. ಬಲಗಣ್ಣಿಗೆ! ಆಯಿಗೆ ಬೇರೆ ಬರೆಯುತ್ತೇನೆ. ಸಂಕ ಒಬ್ಬನೇ ದಾಟಬೇಡ.

ಇತಿ,
ನಿನ್ನ ಕೂಸು