ರೇಷ್ಮೆಗೆ ಬಣ್ಣ ಹಾಕೋಕೆ ಜಪಾನ್‌ಗೆ ಹೋಗೋರಿಗೆ ಇನ್ನೂ ಸ್ವಲ್ಪ ಹೇಳ್ಬೇಕಿತ್ತು

ಸಂಪಾದಕರಿಗೆ ನಮಸ್ಕಾರ,

ನಿಮ್ಮ ಪ್ರವಾಸ ಪುರವಣಿಯಲ್ಲಿ ಜಪಾನ್ ಬಗ್ಗೆ ಬಂದ ಲೇಖನ ಓದ್ದೆ, ಚೆನ್ನಾಗಿತ್ತು, ಫೋಟೋಗಳೂ ಚೆನ್ನಾಗಿದ್ವು. ಆದ್ರೆ ಕ್ಯೋಟೋದಲ್ಲಿ ಏನೇನು ಮಾಡ್ಬಹುದು ಅಂತ ಹೇಳೋವಾಗ ದೇವಸ್ಥಾನ, ಟೀ, ಬಾಡಿಗೆ ಕಿಮೋನೋ ಇವುಗಳ ಮಧ್ಯೆ ಒಂದು ಗಂಟೆಯಲ್ಲಿ ಸಾಂಪ್ರದಾಯಿಕ ರೇಷ್ಮೆ ಬಣ್ಣಗಾರಿಕೆ ಕಲೀಬಹುದು ಅಂತ ಒಂದೇ ಒಂದು ಸಾಲು ಹಾಕಿ ಮುಂದಕ್ಕೆ ಹೋಗ್ಬಿಟ್ಟಿದ್ದೀರಿ. ಆ ಒಂದು ಸಾಲಿಗೋಸ್ಕರ ಈ ಉದ್ದದ ಪತ್ರ, ಜಾಗ ಇದ್ರೆ ಹಾಕಿ, ಇಲ್ಲಾಂದ್ರೆ ಕತ್ತರಿಸಿ ಹಾಕಿ.

ಒಂದು ಗಂಟೆಯಲ್ಲಿ ಯಾರೂ ಕಲಿಯಲ್ಲ ಸಾರ್. ನಾನೂ ಅಲ್ಲಿಗೆ ಹೋಗಿ ಬ್ರಷ್ ಹಿಡಿದು ಬಂದವಳೇ, ಖುಷಿನೂ ಪಟ್ಟವಳೇ, ಹಾಗಾಗಿ ಹೋಗ್ಬೇಡಿ ಅಂತ ಹೇಳ್ತಿಲ್ಲ. ನಮ್ಮ ಕೈಗೆ ಅವರು ಕೊಡೋದು ಹತ್ತಾರು ಹಂತಗಳಲ್ಲಿ ಒಂದೇ ಒಂದು, ಅದೂ ಇದ್ದಿದ್ರಲ್ಲಿ ಸುಲಭದ್ದು. ಅದು ಯಾವ ಹಂತ, ಅದರ ಹಿಂದೆ ಮುಂದೆ ಏನೇನಿದೆ ಅಂತ ಗೊತ್ತಿದ್ದು ಹೋದ್ರೆ ಕೊಟ್ಟ ಯೆನ್ ಸಾರ್ಥಕ, ಗೊತ್ತಿಲ್ಲದೆ ಹೋದ್ರೆ ಒಂದು ಕರ್ಚೀಫು ಬ್ಯಾಗಿಗೆ ಹಾಕ್ಕೊಂಡು ಬರ್ತೀವಿ ಅಷ್ಟೇ.

ಕ್ಯೋಟೋ ಅಂದ್ರೆ ಮುಖ್ಯವಾಗಿ ಯೂಜೆನ್, ಅಂದ್ರೆ ರೇಷ್ಮೆ ಮೇಲೆ ಚಿತ್ರ ಬರೆದು ಬಣ್ಣ ತುಂಬೋ ಕಲೆ. 17ನೇ ಶತಮಾನದ ಕೊನೆ ಹೊತ್ತಿಗೆ ಅಲ್ಲಿ ಮಿಯಾಜಾಕಿ ಯೂಜೆನ್‌ಸಾಯ್ ಅಂತ ಬೀಸಣಿಗೆ ಮೇಲೆ ಚಿತ್ರ ಬರೆಯೋರು ಇದ್ರು, ಅವರ ಚಿತ್ರದ ಶೈಲಿ ಕಿಮೋನೋ ಮೇಲೂ ಬಂತು, ಹೆಸರು ಅವರದ್ದೇ ಉಳೀತು. ಕೈಯಲ್ಲಿ ಮಾಡೋ ಯೂಜೆನ್ ಹೇಗೆ ಅಂದ್ರೆ, ಮೊದ್ಲು ಬಿಳಿ ರೇಷ್ಮೆ ಮೇಲೆ ಅಓಬಾನಾ ಅನ್ನೋ ನೀಲಿ ಹೂವಿನ ರಸದಲ್ಲಿ ಗೆರೆ ಎಳೀತಾರೆ, ಈ ನೀಲಿ ನೀರು ತಾಗಿದ್ರೆ ಹೊರಟೋಗುತ್ತೆ, ಅದಕ್ಕೇ ಅದು ಬೇಕಾಗಿರೋದು. ಆಮೇಲೆ ಅಕ್ಕಿ ಹಿಟ್ಟಿನಿಂದ ಮಾಡಿದ ಅಂಟನ್ನ ಕಾಗದದ ಕೋನ್‌ಗೆ ತುಂಬಿ, ನಾವು ಮೆಹಂದಿ ಹಾಕೋ ಹಾಗೆ, ಆ ನೀಲಿ ಗೆರೆ ಮೇಲೇ ದಾರದಷ್ಟು ಸಣ್ಣಗೆ ಹಿಂಡ್ತಾ ಹೋಗ್ತಾರೆ. ಅದು ಒಣಗಿದ ಮೇಲೆ ಗೆರೆ ಒಳಗಿನ ಬಣ್ಣ ಹೊರಗೆ ಹರಿಯಲ್ಲ. ಬಣ್ಣ ತುಂಬೋಕೆ ಮುಂಚೆ ಸೋಯಾ ಕಾಳಿನ ರಸ ಬಳೀತಾರೆ, ಬಣ್ಣ ತುಂಬ್ತಾರೆ, ಬಣ್ಣ ಗಟ್ಟಿಯಾಗಿ ಕೂರೋಕೆ ಹಬೆ ಕೊಡ್ತಾರೆ, ಆಮೇಲೆ ಇಷ್ಟು ಕಷ್ಟಪಟ್ಟು ಬರೆದ ಹೂವನ್ನೆಲ್ಲಾ ಮತ್ತೆ ದಪ್ಪ ಅಂಟಿನಿಂದ ಪೂರ್ತಿ ಮುಚ್ಚಿ ಮೇಲೆ ಮರದ ಪುಡಿ ಉದುರಿಸ್ತಾರೆ, ಯಾಕಂದ್ರೆ ಈಗ ಬಟ್ಟೆ ಪೂರ್ತಿಗೆ ನೆಲದ ಬಣ್ಣ, ಅಂದ್ರೆ ಚಿತ್ರದ ಹಿನ್ನೆಲೆಯ ಬಣ್ಣ ಹಾಕ್ಬೇಕು, ಹೂವಿಗೆ ತಾಗ್ಬಾರದು.

ಈ ನೆಲದ ಬಣ್ಣ ಹಾಕೋದನ್ನ ಸಾಧ್ಯ ಆದ್ರೆ ನಿಂತು ನೋಡ್ಬೇಕು. ಒಂದು ಕಿಮೋನೋಗೆ 12 ಮೀಟರ್‌ಗೂ ಜಾಸ್ತಿ ಉದ್ದದ ಬಟ್ಟೆ ಬೇಕು, ಅಗಲ ಒಂದು ಮೊಳಕ್ಕೂ ಕಮ್ಮಿ. ಅದನ್ನ ಎರಡೂ ತುದಿಯಲ್ಲಿ ಹಿಡಿಸಿ ಎಳೆದು ಕಟ್ಟಿ, ಕೆಳಗೆ ಅಡ್ಡಡ್ಡಕ್ಕೆ ಸಣ್ಣ ಸಣ್ಣ ಬಿದಿರು ಕಡ್ಡಿ ಬಿಲ್ಲಿನ ಹಾಗೆ ಬಗ್ಗಿಸಿ ಸಿಗಿಸಿರ್ತಾರೆ, ಕಡ್ಡಿಯ ಎರಡೂ ತುದಿಯಲ್ಲಿ ಸೂಜಿ ಇರುತ್ತೆ, ಅದು ಬಟ್ಟೆ ಅಂಚನ್ನ ಕಚ್ಕೊಂಡು ಸುಕ್ಕಿಲ್ಲದ ಹಾಗೆ ಬಿಗಿಯಾಗಿ ಇಡುತ್ತೆ. ಬಣ್ಣ ಹಾಕೋರು ಅಗಲದ ಬ್ರಷ್ ಹಿಡ್ಕೊಂಡು ಒಂದು ತುದಿಯಿಂದ ಶುರು ಮಾಡಿದ್ರೆ ಇನ್ನೊಂದು ತುದಿವರೆಗೂ ನಿಲ್ಲೋ ಹಾಗಿಲ್ಲ, ನಡುವೆ ಒಂದು ಕಡೆ ಒಣಗಿದ್ರೂ ಅಲ್ಲಿ ಪಟ್ಟೆ ಕೂತ್ಬಿಡುತ್ತೆ. ಎಲ್ಲಾ ಆಗಿ, ಮತ್ತೆ ಹಬೆ ಕೊಟ್ಟು ನೀರಲ್ಲಿ ಅಂಟು ತೊಳೆದಾಗ ಪ್ರತಿ ಎಸಳಿನ ಸುತ್ತಲೂ ಸಣ್ಣ ಬಿಳಿ ಗೆರೆ ಉಳಿಯುತ್ತಲ್ಲ, ಅದು ಅಂಟು ಕೂತಿದ್ದ ಜಾಗ. ಕ್ಯೋಟೋದಲ್ಲಿ ಈ ಒಂದೊಂದು ಹಂತಕ್ಕೂ ಬೇರೆ ಬೇರೆ ಕೆಲಸಗಾರರು, ಗೆರೆ ಎಳೆಯೋರು ಬಣ್ಣ ತುಂಬಲ್ಲ, ಬಣ್ಣ ತುಂಬೋರು ಹಬೆ ಕೊಡಲ್ಲ.

ಈಗ ಪ್ರವಾಸಿಗಳಿಗೆ ಕೊಡೋದು ಏನು ಅಂತ ನೋಡಿ. ಹೆಚ್ಚಿನ ಕಡೆ ಅಚ್ಚಿನ ಯೂಜೆನ್. ಜಪಾನಿ ಕಾಗದವನ್ನ ಪದರ ಪದರವಾಗಿ ಅಂಟಿಸಿ ಕಾಯಿ ಪರ್ಸಿಮನ್ ಹಣ್ಣಿನ ಒಗರು ರಸದಲ್ಲಿ ಗಟ್ಟಿ ಮಾಡಿ ಚಿತ್ರ ಕೊರೆದ ಅಚ್ಚುಗಳು ಇರ್ತಾವೆ, ಈ ಥರದ ಕಾಗದದ ಅಚ್ಚಿಗೆ ಮಿಯೆ ಪ್ರಾಂತ್ಯದ ಇಸೆ ಕಡೆ ಹೆಸರುವಾಸಿ, ಆದ್ರೆ ಕಲಿಯೋರಿಗೆ ಈಗ ಪ್ಲಾಸ್ಟಿಕ್ ಹಾಳೆದೂ ಕೊಡ್ತಾರೆ, ಅದರಲ್ಲಿ ತಪ್ಪೇನಿಲ್ಲ. ಒಂದು ಚಿತ್ರಕ್ಕೆ ಒಂದೇ ಅಚ್ಚಲ್ಲ, ಎಸಳಿಗೊಂದು, ಎಸಳಿನ ನೆರಳಿಗೊಂದು, ಎಲೆಗೊಂದು, ನಡುವಿನ ಕೇಸರಕ್ಕೊಂದು ಹೀಗೆ. ಒಂದಾದ ಮೇಲೊಂದು ಅದೇ ಜಾಗಕ್ಕೆ ಗುರುತು ನೋಡಿ ಕೂರಿಸ್ಬೇಕು, ಕೂದಲೆಳೆ ಜರುಗಿದ್ರೂ ಹೂವು ಒಂದು ಕಡೆ ಅದರ ನೆರಳು ಇನ್ನೊಂದು ಕಡೆ.

ಬ್ರಷ್ ಗುಂಡಗಿರುತ್ತೆ, ಕೂದಲು ಗಿಡ್ಡ, ತುದಿ ಚಪ್ಪಟೆ. ಬಣ್ಣದಲ್ಲಿ ಅದ್ದಿ ನೇರ ರೇಷ್ಮೆಗೆ ಇಟ್ರೆ ಮುಗೀತು ಕಥೆ, ಅಚ್ಚಿನ ಅಂಚಿನ ಕೆಳಗೆ ಬಣ್ಣ ನುಗ್ಗುತ್ತೆ. ಅದಕ್ಕೇ ಹಳೇ ಬಟ್ಟೆ ಮೇಲೆ ಉಜ್ಜಿ ಉಜ್ಜಿ, ಇನ್ನೇನು ಬ್ರಷ್‌ನಲ್ಲಿ ಬಣ್ಣನೇ ಇಲ್ಲ ಅನ್ನೋ ಹಾಗಾದ ಮೇಲೆ ಅಚ್ಚಿನ ಮೇಲೆ ಸುತ್ತ ಸುತ್ತ ಉಜ್ಜಬೇಕು. ಮೊದ್ಲು ಏನೂ ಕಾಣಲ್ಲ, ಎಲ್ಲರೂ ಅಲ್ಲೇ ಗಾಬರಿಯಾಗಿ ಇನ್ನೊಂದ್ಸಲ ಅದ್ದೋಕೆ ಹೋಗ್ತಾರೆ, ಹೇಳಿಕೊಡೋರು ಕೈ ಅಡ್ಡ ಹಿಡಿದು ಬೇಡ ಬೇಡ ಅಂತಾರೆ. ಉಜ್ತಾ ಉಜ್ತಾ ನಿಧಾನಕ್ಕೆ ಬಣ್ಣ ಏರುತ್ತೆ. ಎಸಳಿನ ಒಂದು ಕಡೆ ಜಾಸ್ತಿ ಉಜ್ಜಿ ಇನ್ನೊಂದು ಕಡೆ ಕೈ ಹಗುರ ಮಾಡಿದ್ರೆ ಗಾಢದಿಂದ ತಿಳಿಗೆ ಜಾರೋ ಬಣ್ಣ ಬರುತ್ತಲ್ಲ, ಅದಕ್ಕೆ ಬೊಕಾಶಿ ಅಂತಾರೆ, ಅದೊಂದನ್ನ ಆ ಗಂಟೆಯಲ್ಲಿ ಸ್ವಲ್ಪ ಮಟ್ಟಿಗೆ ಕೈಗೆ ಹತ್ತಿಸ್ಕೊಂಡ್ರೆ ನನ್ನ ಪ್ರಕಾರ ದುಡ್ಡು ವಸೂಲು.

ಕನಾಜಾವಾ ಅನ್ನೋ ಊರಿಗೆ ಹೋಗೋ ಪ್ಲಾನ್ ಇದ್ದೋರು ಅಲ್ಲಿಯ ಯೂಜೆನ್, ಅಂದ್ರೆ ಕಾಗಾ ಯೂಜೆನ್ ನೋಡಿ. ನನಗಂತೂ ಕ್ಯೋಟೋಗಿಂತ ಅದೇ ಇಷ್ಟ, ಇದು ಬರೀ ನನ್ನ ರುಚಿ. ಅಲ್ಲಿ ಐದು ಬಣ್ಣದ ಕಟ್ಟು: ನೀಲಿ, ಗಾಢ ಕೆಂಪು, ಮಣ್ಣಿನ ಹಳದಿ, ಹುಲ್ಲಿನ ಹಸಿರು, ಹಳೇ ಕಾಲದ ನೇರಳೆ. ಚಿನ್ನದ ರೇಕು, ಕಸೂತಿ ಅಂತ ಕ್ಯೋಟೋದವರ ಹಾಗೆ ಜಾಸ್ತಿ ಹಚ್ಚಲ್ಲ. ಎಲೆ ಬರೆದ್ರೆ ಅದರಲ್ಲಿ ಹುಳ ತಿಂದ ತೂತನ್ನೂ ಬರೀತಾರೆ, ಕಂದು ಬಣ್ಣಕ್ಕೆ ತಿರುಗಿದ ಅಂಚನ್ನೂ ಬರೀತಾರೆ. ಬೊಕಾಶಿನೂ ಉಲ್ಟಾ, ಕ್ಯೋಟೋದಲ್ಲಿ ಗಾಢ ಬಣ್ಣ ಒಳಗಿನಿಂದ ಹೊರಗೆ ತಿಳಿಯಾಗುತ್ತೆ, ಇಲ್ಲಿ ಅಂಚಲ್ಲಿ ಗಾಢ, ಒಳಗೆ ಹೋಗ್ತಾ ತಿಳಿ. ಕೆನ್ರೋಕುಎನ್ ತೋಟದ ಹತ್ತಿರ ಇರೋ ಕಾಗಾ ಯೂಜೆನ್ ಕಾಯ್ಕಾನ್ ಅನ್ನೋ ಭವನದಲ್ಲಿ ನೋಡಬಹುದು, ಕೈಯಲ್ಲಿ ಮಾಡಿಯೂ ನೋಡಬಹುದು. ರಾಷ್ಟ್ರೀಯ ಕರಕುಶಲ ಮ್ಯೂಸಿಯಂ ಕೂಡ 2020ರಲ್ಲಿ ಟೋಕಿಯೋದಿಂದ ಕನಾಜಾವಾಕ್ಕೇ ಬಂದಿದೆ, ಬ್ರಷ್ ಹಿಡಿಯೋ ಮುಂಚೆ ಇಂಥ ಕಡೆ ಒಂದು ಸುತ್ತು ಹಾಕಿದ್ರೆ ನಾವು ಹಾಕ್ತಿರೋ ಬಣ್ಣ ಎಲ್ಲಿಗೆ ಹೋಗಿ ಮುಟ್ಟಬೇಕು ಅನ್ನೋದಾದ್ರೂ ಕಣ್ಣಿಗೆ ಬಿದ್ದಿರುತ್ತೆ.

ಇನ್ನೊಂದು ವಿಷಯ, ಇದಕ್ಕೆ ಜಾಸ್ತಿ ಜನ ಬೇಜಾರು ಮಾಡ್ಕೊತಾರೆ. ಕ್ಲಾಸಿಗೆ ಹೋಗಿ ಕೂತ ಮೇಲೆ ಇದು ಹೂವು ಬೇರಿನ ಬಣ್ಣ ಅಲ್ಲ, ಕೆಮಿಕಲ್ ಡೈ ಅಂತ ಗೊತ್ತಾಗುತ್ತೆ, ತಕ್ಷಣ ಮೋಸ ಅಂತಾರೆ. ಮೋಸ ಅಲ್ಲ ಕಣ್ರೀ. ಮೆಯ್ಜಿ ಕಾಲದಲ್ಲಿ, ಅಂದ್ರೆ 1868ರ ನಂತರ, ಯುರೋಪಿನಿಂದ ಕೆಮಿಕಲ್ ಬಣ್ಣ ಬಂದಾಗ ಹಿರೋಸೆ ಜಿಸುಕೆ ಅನ್ನೋ ಕ್ಯೋಟೋದ ಕುಶಲಕರ್ಮಿ ಆ ಬಣ್ಣವನ್ನ ಅಂಟಿಗೇ ಕಲಸಿ ಅಚ್ಚಿನ ಮೂಲಕ ರೇಷ್ಮೆಗೆ ಹತ್ತಿಸೋ ದಾರಿ ಕಂಡುಹಿಡಿದ್ರು, ಅಲ್ಲಿವರೆಗೆ ಶ್ರೀಮಂತರ ಮೈಮೇಲಷ್ಟೇ ಇದ್ದ ಯೂಜೆನ್ ಚಿತ್ರ ಆಮೇಲೆ ಹೆಚ್ಚು ಜನರ ಕೈಗೆ ಸಿಕ್ತು. ಅಂದ್ರೆ ನೂರು ವರ್ಷ ದಾಟಿದೆ, ಅದೂ ಈಗ ಸಂಪ್ರದಾಯವೇ. ಯೂಜೆನ್‌ನ ಜೀವ ಇರೋದು ಅಂಟು ಮತ್ತೆ ಗೆರೆಯಲ್ಲಿ, ಬಣ್ಣ ಗಿಡದಿಂದ ಬಂತಾ ಡಬ್ಬಿಯಿಂದ ಬಂತಾ ಅನ್ನೋದ್ರಲ್ಲಿ ಅಲ್ಲ ಅಂತ ನನ್ನ ವಾದ.

ಗಿಡದ ಬಣ್ಣನೇ ಬೇಕು ಅನ್ನೋರಿಗೆ ಬೇರೆ ಜಾಗ ಇದೆ. ಕಾಗೋಶಿಮಾ ಪ್ರಾಂತ್ಯಕ್ಕೆ ಸೇರಿದ ಅಮಾಮಿ ಓಶಿಮಾ ಅನ್ನೋ ದ್ವೀಪ, ಓಕಿನಾವಾಗೆ ಹೋಗೋ ದಾರಿಯಲ್ಲಿ ಸಿಗುತ್ತೆ, ಅಲ್ಲಿ ರೇಷ್ಮೆ ನೂಲನ್ನ ಕೆಸರಲ್ಲಿ ಅದ್ದಿ ಕಪ್ಪು ಮಾಡ್ತಾರೆ. ಶರಿನ್‌ಬಾಯ್ ಅನ್ನೋ ಮರದ ಚಕ್ಕೆಯನ್ನ ದೊಡ್ಡ ಹಂಡೆಯಲ್ಲಿ ಗಂಟೆಗಟ್ಟಲೆ ಕುದಿಸಿದ್ರೆ ಕೆಂಪು ಕಂದು ನೀರು ಬರುತ್ತೆ, ಅದರಲ್ಲಿ ಒಗರಿನ ಅಂಶ ಜಾಸ್ತಿ. ನೂಲನ್ನ ಅದರಲ್ಲಿ ಮತ್ತೆ ಮತ್ತೆ ಹಿಂಡಿ ತೆಗೆದು, ಆಮೇಲೆ ಕಬ್ಬಿಣದ ಅಂಶ ಇರೋ ಕೆಸರು ಹೊಂಡಕ್ಕೆ ಇಳಿದು ಅದ್ತಾರೆ, ಒಗರೂ ಕಬ್ಬಿಣವೂ ಸೇರಿ ಕಪ್ಪು ಹುಟ್ಟುತ್ತೆ. ಒಂದ್ಸಲಕ್ಕೆ ಬರಲ್ಲ, ಚಕ್ಕೆ ನೀರು, ಕೆಸರು, ಮತ್ತೆ ಚಕ್ಕೆ ನೀರು ಅಂತ ಹತ್ತಾರು ಸಲ ಆದ ಮೇಲೇ ಆ ಆಳದ ಕಪ್ಪು. ಪ್ರವಾಸಿಗಳೂ ಹೊಂಡಕ್ಕೆ ಇಳೀಬಹುದು, ಟೀ ಶರ್ಟ್ ತಗೊಂಡು ಹೋಗಿ ಅದ್ದೋರೂ ಇದ್ದಾರೆ, ಆದ್ರೆ ಒಂದೆರಡು ಗಂಟೆಯಲ್ಲಿ ಬರೋದು ಕಂದು ಬಣ್ಣ, ಕಪ್ಪಲ್ಲ, ಅದನ್ನ ಮೊದಲೇ ತಿಳ್ಕೊಂಡು ಹೋಗಿ. ಉಗುರಿನ ಸಂದಿಯ ಬಣ್ಣ ಬೇಗ ಹೋಗಲ್ಲ, ಮದುವೆ ಗಿದುವೆ ಇದ್ರೆ ಯೋಚನೆ ಮಾಡಿ.

ನಿಮ್ಮ ಲೇಖನದ ಪಕ್ಕದಲ್ಲಿ ನದಿಯಲ್ಲಿ ಉದ್ದದ ಬಣ್ಣದ ಬಟ್ಟೆ ತೇಲ್ತಿರೋ ಹಳೇ ಫೋಟೋ ಹಾಕಿದ್ರಲ್ಲ, ಅದರ ಕೆಳಗೆ ಹಳೇದು ಅಂತ ಬರೀಬೇಕಿತ್ತು. ಕ್ಯೋಟೋದ ಕಾಮೋ ನದಿಯಲ್ಲಿ ಅಂಟು ತೊಳೆಯೋದು ಒಂದು ಕಾಲಕ್ಕೆ ದಿನನಿತ್ಯದ ನೋಟ, 1970ರಲ್ಲಿ ನೀರಿನ ಮಾಲಿನ್ಯ ತಡೆಯೋ ಕಾನೂನು ಬಂದ ಮೇಲೆ ಅದು ನಿಂತು ಈಗ ಒಳಗೇ ತೊಟ್ಟಿಗಳಲ್ಲಿ ತೊಳೀತಾರೆ. ಇದನ್ನ ನೋಡೋಕೆ ಅಂತ ಕ್ಯೋಟೋ ಸೇತುವೆ ಮೇಲೆ ಕಾದು ನಿಂತ್ರೆ ಬಾತುಕೋಳಿ ಬಿಟ್ರೆ ಏನೂ ಸಿಗಲ್ಲ. ಕನಾಜಾವಾದ ಅಸಾನೋ ನದಿಯಲ್ಲಿ ಚಳಿಗಾಲದಲ್ಲಿ ಅದೃಷ್ಟ ಇದ್ರೆ ಕಾಣ್ಬಹುದು.

ಮತ್ತೆ ಆ ನೀಲಿ ಹೂವಿನ ವಿಷಯ. ಅದನ್ನ ಬೆಳೆಯೋದು ಶಿಗಾ ಪ್ರಾಂತ್ಯದ ಕುಸಾತ್ಸು ಕಡೆ, ಬೇಸಿಗೆ ಉರಿಯಲ್ಲಿ ಬೆಳಿಗ್ಗೆ ಬೆಳಿಗ್ಗೆನೇ ಎಸಳು ಕಿತ್ತು ರಸ ಹಿಂಡಿ ಕಾಗದಕ್ಕೆ ಬಳಿದು ಒಣಗಿಸಿ ಮತ್ತೆ ಬಳಿದು ಇಡ್ತಾರೆ, ಬೇಕಾದಾಗ ಒಂದು ಚೂರು ಕತ್ತರಿಸಿ ನೀರಲ್ಲಿ ಹಾಕಿದ್ರೆ ನೀಲಿ ರೆಡಿ. ಈಗ ಇದನ್ನ ಮಾಡೋ ಮನೆಗಳು ಬೆರಳೆಣಿಕೆಯಷ್ಟು. ಕಿಮೋನೋ ಉಡೋರೇ ಕಮ್ಮಿ ಆದಾಗ ಕೋನ್ ಮಾಡೋರು, ಬ್ರಷ್ ಕಟ್ಟೋರು, ಬಿದಿರು ಕಡ್ಡಿ ಸೀಳೋರು ಎಲ್ಲರ ಕಥೆನೂ ಇದೇ ದಾರಿ. ಯೂಜೆನ್ ಮಾಡೋ ಎಷ್ಟೋ ಜನ ಪ್ರವಾಸಿಗಳಿಗೆ ಕ್ಲಾಸ್ ಶುರು ಮಾಡಿದ್ದಕ್ಕೆ ಇದೂ ಒಂದು ಕಾರಣ, ನಮ್ಮ ಕರ್ಚೀಫಿನ ದುಡ್ಡಿಂದ ಅವರ ಅಂಗಡಿಯ ದೀಪ ಉರಿಯೋದಾದ್ರೆ ಒಳ್ಳೇದೇ, ಯಾರೂ ಹೀಯಾಳಿಸೋ ವಿಷಯ ಅಲ್ಲ.

ಹೋಗೋರಿಗೆ ನೀವು ಮುಂದಿನ ಸಲ ಹೇಳ್ಬೇಕಾದ ಮಾತು ಇಷ್ಟು. ಬುಕ್ ಮಾಡೋ ಮುಂಚೆ ಬಟ್ಟೆ ರೇಷ್ಮೆನಾ ಅಂತ ಕೇಳ್ಲಿ, ಒಂದು ಕಡೆ ಯೂಜೆನ್ ಅಂತ ಬೋರ್ಡ್ ನೋಡಿ ಒಳಗೆ ಹೋದ್ರೆ ನಮ್ಮ ಮುಂದೆ ಇಟ್ಟಿದ್ದು ಹತ್ತಿ ಚೀಲ, ರೇಷ್ಮೆಗೆ ಬೇರೆ ರೇಟು ಅಂದ್ರು. ಅಚ್ಚಿನದ್ದಾ, ಗೆರೆ ಎಳೆದಿಟ್ಟ ಬಟ್ಟೆಗೆ ಬಣ್ಣ ತುಂಬೋದಾ ಅಂತ ಕೇಳ್ಲಿ, ಎರಡನೇದು ಸಿಕ್ಕಿದ್ರೆ ಅದನ್ನೇ ಹಿಡೀಲಿ, ಬಣ್ಣ ಓಡಿ ಬಂದು ಅಂಟಿನ ಗೆರೆ ಹತ್ತಿರ ಗಕ್ಕನೆ ನಿಲ್ಲೋದನ್ನ ಕಣ್ಣಾರೆ ನೋಡ್ಬಹುದು. ಹಬೆ ಯಾರು ಯಾವಾಗ ಕೊಡ್ತಾರೆ ಅಂತಾನೂ ಕೇಳ್ಲಿ. ಕೆಲವು ಕಡೆ ಇಸ್ತ್ರಿ ಹಾಕಿ ಅವತ್ತೇ ಕೊಡ್ತಾರೆ, ಕೆಲವು ಕಡೆ ಹಬೆಗೆ ಕಳಿಸಿ ಆಮೇಲೆ ಪೋಸ್ಟ್ ಮಾಡ್ತಾರೆ, ಬೇರೆ ದೇಶಕ್ಕೆ ಕಳಿಸ್ತಾರಾ ಇಲ್ವಾ ಅನ್ನೋದು ಅಂಗಡಿಯವರನ್ನೇ ಕೇಳ್ಬೇಕು, ಯಾಕಂದ್ರೆ ಬಣ್ಣ ಸರಿಯಾಗಿ ಕೂರದ ರೇಷ್ಮೆಯನ್ನ ಮೊದಲ ಸಲ ನೀರಿಗೆ ಹಾಕಿದ ಕೂಡಲೇ ಅರ್ಧ ಹೂವು ಬಕೆಟ್‌ನಲ್ಲಿರುತ್ತೆ.

ಇಂತಿ,
ನಿಮ್ಮ ಪುರವಣಿಯ ಹಳೇ ಓದುಗಾರ್ತಿ